ಕಾಲವನ್ನು ತಿರುಗಿಸುವ ಕಲ್ಲು ಗಣಿಯಲ್ಲಿ ಸಿಕ್ಕೀತೆ?

ಪ್ರಶ್ನೆ: ನಾನು ದ್ವಿತೀಯ ಪಿಯುಸಿ ವಿದ್ಯಾರ್ಥಿನಿ. ಒಂದು ವೈಜ್ಞಾನಿಕ ಕಥೆ ಬರೆಯುತ್ತಿದ್ದೇನೆ. ನಮ್ಮೂರಿನ ಮುಚ್ಚಿದ ಚಿನ್ನದ ಗಣಿಯ ಆಳದಲ್ಲಿ ಒಂದು ಅಪರೂಪದ ಖನಿಜ ಸಿಗುತ್ತದೆ. ಅದಕ್ಕೆ ಕಾಲವನ್ನು ನಿಧಾನ ಮಾಡುವ, ಹಿಂದಕ್ಕೆ ತಿರುಗಿಸುವ ಶಕ್ತಿ ಇದೆ. ‘ಡಾಕ್ಟರ್ ಸ್ಟ್ರೇಂಜ್’ ಸಿನಿಮಾದ ಹಸಿರು ಕಲ್ಲನ್ನು ನೋಡಿದಾಗ ಇದು ಹೊಳೆಯಿತು. ಫಿಸಿಕ್ಸ್ ಮೇಷ್ಟ್ರಿಗೆ ತೋರಿಸಿದರೆ ‘ಇದೆಲ್ಲ ಆಗುವ ಮಾತಲ್ಲಮ್ಮ’ ಎಂದರು. ಅಂಥ ಖನಿಜ ಇರಲು ಸಾಧ್ಯವೇ ಇಲ್ಲವೇ? ಕಥೆ ಬಿಟ್ಟುಬಿಡಲೇ?
— ಓದುಗರೊಬ್ಬರು, ಕೆಜಿಎಫ್

ಉತ್ತರ: ಕಥೆ ಬಿಡಬೇಡಿ. ನಿಮ್ಮ ಮೇಷ್ಟ್ರು ಹೇಳಿದ್ದರಲ್ಲಿ ಅರ್ಧ ಸರಿ. ಕಾಲವನ್ನು ಹಿಂದಕ್ಕೆ ತಿರುಗಿಸುವ ಕಲ್ಲು ಆಗುವ ಮಾತಲ್ಲ. ಆದರೆ ಕಾಲವನ್ನು ನಿಧಾನ ಮಾಡುವ ಕಲ್ಲು ಅಪರೂಪದ್ದೇ ಅಲ್ಲ. ನಿಮ್ಮ ಮನೆಯ ಹಿತ್ತಿಲಲ್ಲಿ ಬಟ್ಟೆ ಒಗೆಯುವ ಕಲ್ಲೂ ಈ ಕ್ಷಣ ಅದೇ ಕೆಲಸ ಮಾಡುತ್ತಿದೆ. ದ್ರವ್ಯರಾಶಿ ಇರುವ ಯಾವ ವಸ್ತುವಾದರೂ ತನ್ನ ಸಮೀಪದಲ್ಲಿ ಕಾಲದ ಓಟವನ್ನು ತಗ್ಗಿಸುತ್ತದೆ. ಐನ್‌ಸ್ಟೈನ್ 1915ರಲ್ಲಿ ಪೂರ್ಣಗೊಳಿಸಿದ ಸಾಮಾನ್ಯ ಸಾಪೇಕ್ಷತಾ ಸಿದ್ಧಾಂತ ಹೇಳುವುದು ಇದನ್ನೇ. ಎಷ್ಟು ತಗ್ಗಿಸುತ್ತದೆ ಎಂದು ಕೇಳಿದಾಗ ಮಾತ್ರ ಕಥೆಗೂ ನಿಜಕ್ಕೂ ನಡುವಿನ ಅಂತರ ಕಾಣುತ್ತದೆ.

ನಿಮ್ಮೂರಿನಿಂದಲೇ ಶುರು ಮಾಡೋಣ. ಕೋಲಾರ ಚಿನ್ನದ ಗಣಿ ಮೂರು ಕಿಲೋಮೀಟರಿಗೂ ಹೆಚ್ಚು ಆಳಕ್ಕೆ ಇಳಿದಿತ್ತು. 2001ರಲ್ಲಿ ಮುಚ್ಚುವವರೆಗೂ ಜಗತ್ತಿನ ಅತಿ ಆಳದ ಗಣಿಗಳ ಸಾಲಿನಲ್ಲಿ ಅದರ ಹೆಸರು ಇತ್ತು. ಭೂಮಿಯ ಕೇಂದ್ರಕ್ಕೆ ಹತ್ತಿರವಾದಷ್ಟೂ ಕಾಲ ನಿಧಾನ. ಮೇಲೊಂದು, ಕೆಳಗೊಂದು ಒಂದೇ ಥರದ ಗಡಿಯಾರ ಇಟ್ಟರೆ, ಮೂರು ಕಿಲೋಮೀಟರ್ ಕೆಳಗಿನದು ವರ್ಷಕ್ಕೆ ಸುಮಾರು 10 ಮೈಕ್ರೋಸೆಕೆಂಡ್ ಹಿಂದೆ ಬೀಳುತ್ತದೆ. ಅಂದರೆ ಸೆಕೆಂಡಿನ ಹತ್ತು ಲಕ್ಷ ಭಾಗಗಳಲ್ಲಿ ಹತ್ತು. ಮೂವತ್ತು ವರ್ಷ ಅಲ್ಲಿ ಪಾಳಿ ಮಾಡಿ ನಿವೃತ್ತನಾದ ಗಣಿ ಕಾರ್ಮಿಕ, ಮೇಲೇ ಉಳಿದ ಅವಳಿ ಸೋದರನಿಗಿಂತ ಅಷ್ಟಿಷ್ಟು ಮೈಕ್ರೋಸೆಕೆಂಡ್ ಚಿಕ್ಕವನು. ಇದರಲ್ಲಿ ಕಲ್ಪನೆ ಏನೂ ಇಲ್ಲ. ಅದೇ ಲೆಕ್ಕದಲ್ಲಿ, ಸಮುದ್ರಮಟ್ಟದಿಂದ ಸುಮಾರು 920 ಮೀಟರ್ ಎತ್ತರದ ಬೆಂಗಳೂರಿನ ಗಡಿಯಾರ ಮಂಗಳೂರಿನ ಕಡಲ ದಡದ ಗಡಿಯಾರಕ್ಕಿಂತ ವರ್ಷಕ್ಕೆ 3 ಮೈಕ್ರೋಸೆಕೆಂಡ್ ಮುಂದೆ ಓಡುತ್ತದೆ.

ಇದನ್ನು ಅಳೆದೂ ನೋಡಿದ್ದಾರೆ. ಹಾರ್ವರ್ಡ್ ವಿಶ್ವವಿದ್ಯಾಲಯದಲ್ಲಿ ಪೌಂಡ್ ಮತ್ತು ರೆಬ್ಕಾ ಎಂಬಿಬ್ಬರು 1959–60ರಲ್ಲಿ ಬರೀ 22.5 ಮೀಟರ್ ಎತ್ತರದ ಗೋಪುರದಲ್ಲಿ, ಕಬ್ಬಿಣದ ಒಂದು ಐಸೊಟೋಪಿನಿಂದ ಹೊರಡುವ ಗಾಮಾ ಕಿರಣಗಳ ನೆರವಿನಿಂದ, ಮೇಲಿನ ಕಾಲಕ್ಕೂ ಕೆಳಗಿನ ಕಾಲಕ್ಕೂ ಇರುವ ವ್ಯತ್ಯಾಸವನ್ನು ಹಿಡಿದರು. ಇವತ್ತು ನಿಮ್ಮ ಫೋನಿನ ಮ್ಯಾಪ್ ಸರಿಯಾದ ಬೀದಿ ತೋರಿಸಬೇಕಾದರೆ ಈ ಲೆಕ್ಕ ಬೇಕೇ ಬೇಕು. ಜಿಪಿಎಸ್ ಉಪಗ್ರಹದ ಗಡಿಯಾರ ಎತ್ತರದಲ್ಲಿರುವುದರಿಂದ ದಿನಕ್ಕೆ ಸುಮಾರು 45 ಮೈಕ್ರೋಸೆಕೆಂಡ್ ಮುಂದೋಡುತ್ತದೆ, ವೇಗವಾಗಿ ಚಲಿಸುವುದರಿಂದ 7 ಹಿಂದೆ ಬೀಳುತ್ತದೆ. ಉಳಿದ 38ನ್ನು ಸರಿಪಡಿಸದೆ ಬಿಟ್ಟರೆ ದಿನಕ್ಕೆ ಹತ್ತು ಕಿಲೋಮೀಟರ್ ಲೆಕ್ಕದಲ್ಲಿ ತಪ್ಪು ಬೆಳೆಯುತ್ತ ಹೋಗುತ್ತದೆ. ನಮ್ಮದೇ ನಾವಿಕ್ ಉಪಗ್ರಹಗಳಿಗೂ ಇದು ತಪ್ಪಿದ್ದಲ್ಲ. ಅವುಗಳ ಸಮಯವನ್ನು ನೋಡಿಕೊಳ್ಳುವ ಇಸ್ರೊ ಕೇಂದ್ರ ಇರುವುದು ಬೆಂಗಳೂರಿನ ಹೊರವಲಯದ ಬ್ಯಾಲಾಳುವಿನಲ್ಲಿ.

ಇಲ್ಲೊಂದು ಮಾತು ಗಮನಿಸಿ. ಕಾಲ ಬದಲಾಗುವುದು ನೀವು ಎಲ್ಲಿದ್ದೀರಿ ಎಂಬುದರ ಮೇಲೆ. ನಮ್ಮ ಪುರಾಣದ ಕಥೆಗಾರರೂ ಇದನ್ನು ಜಾಗಕ್ಕೇ ಕಟ್ಟಿದ್ದಾರೆ. ಅವರಲ್ಲಿ ಮಣಿಗಳಿಗೆ ಕೊರತೆ ಇರಲಿಲ್ಲ. ಸ್ಯಮಂತಕ ದಿನವೂ ಚಿನ್ನ ಸುರಿಸುತ್ತಿತ್ತು, ಪರುಷಮಣಿ ಮುಟ್ಟಿದ ಕಬ್ಬಿಣ ಹೊನ್ನಾಗುತ್ತಿತ್ತು. ಆದರೆ ಮಗಳು ರೇವತಿಗೆ ವರ ಹುಡುಕುತ್ತ ಹೋದ ಕಕುದ್ಮಿ ರಾಜನಿಗೆ ಕಾಲ ತಪ್ಪಿದ್ದು ಯಾವ ಮಣಿಯಿಂದಲೂ ಅಲ್ಲ, ಬ್ರಹ್ಮಲೋಕದಲ್ಲಿ ಸ್ವಲ್ಪ ಹೊತ್ತು ಕಾದದ್ದರಿಂದ. ಅಷ್ಟರಲ್ಲಿ ಭೂಮಿಯ ಮೇಲೆ 27 ಚತುರ್ಯುಗಗಳು ಕಳೆದಿದ್ದವು ಎನ್ನುತ್ತದೆ ಭಾಗವತ. ಪುರಾಣ ಬರೆದವರಿಗೆ ಸಾಪೇಕ್ಷತೆ ಗೊತ್ತಿತ್ತು ಎಂದು ನಾನು ಹೇಳುತ್ತಿಲ್ಲ, ಹಾಗೆ ಹೇಳುವುದು ಕಥೆಗೂ ಅನ್ಯಾಯ, ವಿಜ್ಞಾನಕ್ಕೂ ಅನ್ಯಾಯ. ಆದರೆ ಕಥೆಗಾರ್ತಿಯಾಗಿ ನೀವು ಆ ಜಾಣ್ಮೆಯನ್ನು ಬಳಸಿಕೊಳ್ಳಬಹುದು. ಕಲ್ಲಿಗೆ ಮಂತ್ರಶಕ್ತಿ ಕೊಡುವ ಬದಲು, ಕಲ್ಲಿನ ಹತ್ತಿರದ ಜಾಗವನ್ನೇ ಬೇರೆ ಮಾಡಿ.

ಹಾಗಾದರೆ ಕೈಯಲ್ಲಿ ಹಿಡಿಯುವಷ್ಟು ಚಿಕ್ಕ ಕಲ್ಲು ಕಣ್ಣಿಗೆ ಕಾಣುವಷ್ಟು ಕಾಲವನ್ನು ತಗ್ಗಿಸಬೇಕಾದರೆ ಅದು ಎಷ್ಟು ಭಾರ ಇರಬೇಕು? ದೊಡ್ಡ ನಿಂಬೆಹಣ್ಣಿನ ಗಾತ್ರ ಇಟ್ಟುಕೊಳ್ಳಿ, ಅಂದರೆ ತ್ರಿಜ್ಯ 3 ಸೆಂಟಿಮೀಟರ್. ಅದರ ಮೈಮೇಲೆ ಕಾಲ ಅರ್ಧ ವೇಗದಲ್ಲಿ ಓಡಬೇಕಾದರೆ ಆ ನಿಂಬೆಯೊಳಗೆ ಸುಮಾರು ಎರಡೂವರೆ ಭೂಮಿಗಳ ದ್ರವ್ಯರಾಶಿ ತುಂಬಬೇಕು. ಅಂಥದ್ದನ್ನು ಹಿಡಿದವರ ಕೈ ಉಳಿಯುವ ಮಾತು ಹಾಗಿರಲಿ, ಭೂಮಿಯೇ ಅದರ ಸುತ್ತ ಕುಸಿದು ಮುದ್ದೆಯಾಗುತ್ತದೆ. ಇನ್ನು ನಿಜವಾಗಿ ಸಿಗುವ ವಸ್ತುಗಳಲ್ಲಿ ಅತಿ ಸಾಂದ್ರವಾದದ್ದು ಆಸ್ಮಿಯಂ. ಒಂದು ಘನ ಸೆಂಟಿಮೀಟರಿಗೆ 22.6 ಗ್ರಾಂ ತೂಗುತ್ತದೆ, ಸೀಸದ ಎರಡು ಪಟ್ಟು. ಅದರಲ್ಲಿ ಅಷ್ಟೇ ಗಾತ್ರದ ಗುಂಡು ಮಾಡಿದರೆ ಸುಮಾರು ಎರಡೂವರೆ ಕಿಲೋ ಆಗುತ್ತದೆ. ವಿಶ್ವ ಹುಟ್ಟಿದಾಗಿನಿಂದ ಇವತ್ತಿನವರೆಗೆ, 1,380 ಕೋಟಿ ವರ್ಷ, ಒಂದು ಗಡಿಯಾರವನ್ನು ಅದಕ್ಕೆ ತಾಗಿಸಿ ಇಟ್ಟಿದ್ದರೂ ಆ ಗುಂಡಿನಿಂದಾಗಿ ಗಡಿಯಾರ ಹಿಂದೆ ಬೀಳುತ್ತಿದ್ದುದು ಸೆಕೆಂಡಿನ ನೂರು ಕೋಟಿ ಭಾಗಗಳಲ್ಲಿ ಸುಮಾರು 27 ಭಾಗ, ಅಷ್ಟೇ. ಎರಡೂವರೆ ಭೂಮಿ ಒಂದು ಕಡೆ, ಎರಡೂವರೆ ಕಿಲೋ ಇನ್ನೊಂದು ಕಡೆ. ನಿಮ್ಮ ಖನಿಜ ದಾಟಬೇಕಾದ ಕಂದಕ ಇದು. ಪರಮಾಣುಗಳಿಂದ ಕಟ್ಟಿದ ಯಾವ ಖನಿಜವೂ ಇದನ್ನು ದಾಟಲಾರದು. ಪರಮಾಣು ಎಂದರೆ ಬಹುಪಾಲು ಖಾಲಿ ಜಾಗ, ಅದನ್ನು ಹಿಂಡಿ ಹಾಕಿದರೆ ಮಾತ್ರ ಸಾಂದ್ರತೆ ಅಗಾಧವಾಗಿ ಏರುತ್ತದೆ. ನ್ಯೂಟ್ರಾನ್ ನಕ್ಷತ್ರದಲ್ಲಿ ಆಗಿರುವುದು ಅದೇ. ಅದರ ಮೇಲ್ಮೈಯಲ್ಲಿ ಕಾಲ ನಮ್ಮದಕ್ಕಿಂತ ಸುಮಾರು ಐದನೇ ಒಂದು ಭಾಗ ನಿಧಾನ.

ಇಷ್ಟಾದರೂ ಕಥೆಗಾರರಿಗೆ ಒಂದು ಹಕ್ಕಿದೆ. ಒಂದು ಸುಳ್ಳನ್ನು ಒಪ್ಪಿಕೊಳ್ಳಿ ಎಂದು ಓದುಗರನ್ನು ಕೇಳಬಹುದು. ಆ ಒಂದಾದ ಮೇಲೆ ಉಳಿದದ್ದೆಲ್ಲ ಅದರಿಂದಲೇ ಹುಟ್ಟಬೇಕು. ನನಗೆ ಬಹಳ ಕಥೆಗಳಲ್ಲಿ, ಸಿನಿಮಾಗಳಲ್ಲಿ ನಿರಾಸೆಯಾಗುವುದು ಇಲ್ಲೇ. ಕಲ್ಲನ್ನು ಒಪ್ಪಿಕೊಳ್ಳುತ್ತೇನೆ, ಆದರೆ ಕಲ್ಲು ಇದ್ದರೆ ಮುಂದೇನಾಗುತ್ತದೆ ಎಂದು ಬರೆದವರು ಯೋಚಿಸಿರುವುದಿಲ್ಲ.

ಯೋಚಿಸಿ ನೋಡೋಣ. ನಿಮ್ಮ ನಾಯಕಿ ಕಲ್ಲು ಹಿಡಿದಳು, ಅವಳ ಸುತ್ತ ಒಂದು ಮೀಟರ್ ಜಾಗದಲ್ಲಿ ಕಾಲ ಸಾವಿರ ಪಟ್ಟು ನಿಧಾನವಾಯಿತು. ಅವಳಿಗೆ ಒಂದು ಸೆಕೆಂಡ್ ಆಗುವಷ್ಟರಲ್ಲಿ ಹೊರಗೆ ಹದಿನಾರು ನಿಮಿಷಕ್ಕೂ ಹೆಚ್ಚು ಹೊತ್ತು ಕಳೆಯುತ್ತದೆ. ಗಣಿಯ ದೀಪದ ಬೆಳಕು ಅವಳ ಕಡೆಗೆ ಹರಿಯುತ್ತಲೇ ಇದೆ. ಬೆಳಕು ಎಂದರೆ ಅಲೆಗಳು, ಒಂದರ ಹಿಂದೆ ಒಂದು. ಹೊರಟ ಅಲೆ ದಾರಿಯಲ್ಲಿ ಮಾಯವಾಗುವಂತಿಲ್ಲ. ಆದ್ದರಿಂದ ಹೊರಗೆ ಸಾವಿರ ಸೆಕೆಂಡಿನಲ್ಲಿ ಬಂದ ಅಲೆಗಳೆಲ್ಲ ಅವಳ ಒಂದು ಸೆಕೆಂಡಿನೊಳಗೆ ಒತ್ತರಿಸಿಕೊಂಡು ಬರುತ್ತವೆ. ಹಸಿರು ಬೆಳಕಿನ ತರಂಗದೂರ ಸುಮಾರು 500 ನ್ಯಾನೋಮೀಟರ್. ಅವಳನ್ನು ತಲುಪುವಾಗ ಅದು ಅರ್ಧ ನ್ಯಾನೋಮೀಟರ್. ಅದು ಬೆಳಕಲ್ಲ, ಎಕ್ಸ್‌ರೇ. ಪ್ರತಿ ಅಲೆಗೊಂಚಲಿನ ಶಕ್ತಿ ಸಾವಿರ ಪಟ್ಟು, ಬರುವ ರಭಸವೂ ಸಾವಿರ ಪಟ್ಟು, ಒಟ್ಟು ಹತ್ತು ಲಕ್ಷ ಪಟ್ಟು. ಗೋಡೆಗಳು ಸದಾ ಹೊರಸೂಸುವ ಶಾಖವೂ ಅತಿನೇರಳೆಯಾಗಿ ಬಡಿಯುತ್ತದೆ. ತಲೆಯ ಟೋಪಿಗೆ ಸಿಕ್ಕಿಸಿದ ಒಂದು ಸಾಧಾರಣ ದೀಪದಿಂದಲೇ ನಾಯಕಿ ಬೆಂದುಹೋಗುತ್ತಾಳೆ, ದೀಪ ಹೊರಗೆ ಬೇರೆಯವರ ಟೋಪಿಯಲ್ಲಿದ್ದರೆ.

ತಿರುಗಿಸಿ ನೋಡಿ. ಕಲ್ಲು ಅವಳ ಕಾಲವನ್ನು ಸಾವಿರ ಪಟ್ಟು ವೇಗ ಮಾಡಿದರೆ ಹೊರಗಿನ ಬೆಳಕು ಅವಳ ಕಣ್ಣಿಗೆ ಬೀಳುವುದೇ ಇಲ್ಲ. ಅಲೆಗಳು ಹಿಗ್ಗಿ ಅವಗೆಂಪಿನ ದೂರದ ತುದಿಗೆ ಹೋಗಿರುತ್ತವೆ. ಜಗತ್ತು ಕತ್ತಲು. ಸುತ್ತಲ ಗೋಡೆಗಳಿಂದ ಬರಬೇಕಾದ ಶಾಖವೂ ಬರುವುದಿಲ್ಲ, ಮೈ ಕೊರೆಯತೊಡಗುತ್ತದೆ. ಅವಳು ಟಾರ್ಚ್ ಹಚ್ಚಿದರೆ? ಅದರ ಬೆಳಕು ಹೊರಗೆ ಬರುವಾಗ ಎಕ್ಸ್‌ರೇ ಆಗಿರುತ್ತದೆ, ಬರೀ ಅವಳ ಮೈಬಿಸಿಯೇ ಅತಿನೇರಳೆಯಾಗಿ ಹೊರಬರುತ್ತದೆ. ಪಕ್ಕದಲ್ಲಿ ನಿಂತ ಗೆಳೆಯನ ಚರ್ಮ ಸುಡುತ್ತದೆ, ಅವಳು ಯಾಕೆಂದು ತಿಳಿಯದೆ ಅಲ್ಲೇ ಕತ್ತಲಲ್ಲಿ ನಡುಗುತ್ತ ನಿಂತಿರುತ್ತಾಳೆ. ಹೇಳಿ, ಹಸಿರು ಮಿಂಚು ಹಾರಿಸುವ ಕಲ್ಲಿಗಿಂತ ಇದು ಹೆಚ್ಚು ಕಥೆಯಲ್ಲವೇ? ಇದಕ್ಕೆ ಹೊಸ ವಿಜ್ಞಾನ ಏನೂ ಬೇಕಿಲ್ಲ, ನಿಮ್ಮ ಪಿಯುಸಿ ಪುಸ್ತಕದ ತರಂಗಗಳ ಪಾಠ ಸಾಕು.

ಇನ್ನು ಹಿಂದಕ್ಕೆ ತಿರುಗಿಸುವ ವಿಚಾರ. 2016ರ ಆ ಸಿನಿಮಾದಲ್ಲಿ ಸ್ಟ್ರೇಂಜ್ ಮೇಜಿನ ಮೇಲಿನ ಸೇಬಿನ ಮೇಲೆ ಪ್ರಯೋಗ ಮಾಡುತ್ತಾನೆ. ಕಚ್ಚಿದ ಸೇಬು ಒಮ್ಮೆ ಇಡಿಯಾಗುತ್ತದೆ, ಒಮ್ಮೆ ಕೊಳೆಯುತ್ತದೆ. ನೋಡಲು ಚೆನ್ನಾಗಿದೆ. ಆದರೆ ಕಚ್ಚಿದ ಚೂರು ಆಗಲೇ ಅವನ ಹೊಟ್ಟೆಯಲ್ಲಿದೆ. ಅದರ ವಾಸನೆಯ ಅಣುಗಳು ಕೋಣೆಯ ತುಂಬ ಹರಡಿವೆ. ಸೇಬನ್ನು ಇಡಿ ಮಾಡಬೇಕಾದರೆ ಹೊಟ್ಟೆಯಲ್ಲಿರುವುದನ್ನೂ, ಗಾಳಿಯಲ್ಲಿರುವುದನ್ನೂ, ಸೇಬು ಬಿಟ್ಟುಕೊಟ್ಟ ಶಾಖವನ್ನೂ ಹಿಂದಕ್ಕೆ ಕರೆಯಬೇಕು. ಬರೀ ಸೇಬಿನ ಕಾಲವನ್ನು ತಿರುಗಿಸಿದರೆ ಸಾಲದು. ಒಂದೊಂದು ಅಣುವಿನ ಮಟ್ಟದಲ್ಲಿ ನೋಡಿದರೆ ಭೌತಶಾಸ್ತ್ರದ ನಿಯಮಗಳು ಹಿಂದೆ-ಮುಂದೆ ಎಂದು ಹೆಚ್ಚು ಭೇದ ಮಾಡುವುದಿಲ್ಲ. ಚದುರಿದ ಕೋಟಿ ಕೋಟಿ ಅಣುಗಳು ತಾವಾಗಿಯೇ ಮತ್ತೆ ಅದೇ ಜಾಗಕ್ಕೆ ಬಂದು ಕೂರುವ ಸಂಭವ ಇಲ್ಲವೆನ್ನುವಷ್ಟು ಕಡಿಮೆ, ತಡೆ ಇರುವುದು ಅಲ್ಲಿ.

ಚಿಕ್ಕ ಪ್ರಮಾಣದಲ್ಲಿ ಮಾತ್ರ ಇಂಥದ್ದನ್ನು ಮಾಡಿ ತೋರಿಸಿದ್ದಾರೆ. ಅಮೆರಿಕದ ಎರ್ವಿನ್ ಹಾನ್ 1950ರಲ್ಲಿ, ಕಾಂತಕ್ಷೇತ್ರದಲ್ಲಿ ಒಟ್ಟಿಗೆ ಗಿರಕಿ ಹೊಡೆಯತೊಡಗಿ ಆಮೇಲೆ ತಾಳ ತಪ್ಪಿದ ಪರಮಾಣು ಬೀಜಗಳಿಗೆ ರೇಡಿಯೋ ಅಲೆಯ ಒಂದು ಸಣ್ಣ ಪೆಟ್ಟು ಕೊಟ್ಟ. ಅವೆಲ್ಲ ತಪ್ಪಿದ ತಾಳವನ್ನು ತಾವೇ ಸರಿಪಡಿಸಿಕೊಂಡು ಮತ್ತೆ ಒಂದೇ ಲಯಕ್ಕೆ ಬಂದವು. ಸ್ಪಿನ್ ಎಕೋ ಎನ್ನುತ್ತಾರೆ. ಆಸ್ಪತ್ರೆಯ ಎಂಆರ್‌ಐ ಸ್ಕ್ಯಾನಿನಲ್ಲಿ ದಿನವೂ ಬಳಸುವ ವಿಧಾನ ಇದು. ಕಾಲ ಹಿಂದಕ್ಕೆ ಹೋಗಿಲ್ಲ, ಆದರೆ ಚದುರಿದ್ದು ಒಂದುಗೂಡಿತು. ನಿಮ್ಮ ಖನಿಜಕ್ಕೆ ‘ಹಿಂದಕ್ಕೆ’ ಎನ್ನುವ ಗುಣ ಬೇಕೇ ಬೇಕೆಂದಾದರೆ ಈ ದಾರಿಯಲ್ಲಿ ಯೋಚಿಸಿ.

ಎಲ್ಲಕ್ಕಿಂತ ನಿಮ್ಮ ಕಲ್ಪನೆಗೆ ಹತ್ತಿರವಾದ ನಿಜ ಸಂಗತಿ ರೀನಿಯಂ ಎಂಬ ಲೋಹದ್ದು. ಭೂಮಿಯಲ್ಲಿ ಅತ್ಯಂತ ವಿರಳ. ರಷ್ಯಾದ ಕುರಿಲ್ ದ್ವೀಪಗಳ ಕುದ್ರ್ಯಾವಿ ಜ್ವಾಲಾಮುಖಿಯಲ್ಲಿ, ಕುದಿಯುವ ಅನಿಲ ಹೊರಬರುವ ಬಿರುಕುಗಳ ಬಾಯಲ್ಲಿ, ಅದರದೇ ಖನಿಜವೊಂದು ಹರಳುಗಟ್ಟುತ್ತದೆ. ರೀನಿಯಂ-187 ನಿಧಾನವಾಗಿ ಆಸ್ಮಿಯಂ ಆಗಿ ಬದಲಾಗುತ್ತದೆ. ಅದರ ಅರ್ಧಾಯು ಸುಮಾರು 4,200 ಕೋಟಿ ವರ್ಷ, ವಿಶ್ವದ ವಯಸ್ಸಿನ ಮೂರು ಪಟ್ಟು. ಬಂಡೆಗಳ, ಉಲ್ಕೆಗಳ ವಯಸ್ಸು ಹೇಳಲು ಭೂವಿಜ್ಞಾನಿಗಳು ಇದನ್ನು ಗಡಿಯಾರವಾಗಿ ಬಳಸುತ್ತಾರೆ. ವಿಕಿರಣಶೀಲ ಗಡಿಯಾರದ ವೇಗವನ್ನು ಯಾವ ಬಿಸಿ, ಯಾವ ಒತ್ತಡವೂ ಬದಲಿಸಲಾರದು ಎಂದು ನಾವು ಶಾಲೆಯಲ್ಲಿ ಕಲಿಯುತ್ತೇವೆ, ಬಹುಮಟ್ಟಿಗೆ ಅದು ನಿಜ. ಆದರೆ 1990ರ ದಶಕದಲ್ಲಿ ಜರ್ಮನಿಯ ಡಾರ್ಮ್‌ಸ್ಟಾಟ್ ಪ್ರಯೋಗಾಲಯದಲ್ಲಿ ರೀನಿಯಂ-187ರ ಎಲ್ಲ 75 ಎಲೆಕ್ಟ್ರಾನ್‌ಗಳನ್ನೂ ಕಿತ್ತು, ಬರೀ ನ್ಯೂಕ್ಲಿಯಸ್ಸನ್ನು ಉಂಗುರಾಕಾರದ ಕೊಳವೆಯಲ್ಲಿ ಸುತ್ತಿಸಿ ನೋಡಿದರು. ಅರ್ಧಾಯು ಸುಮಾರು 33 ವರ್ಷಕ್ಕೆ ಇಳಿದಿತ್ತು. ನೂರು ಕೋಟಿ ಪಟ್ಟಿಗೂ ಹೆಚ್ಚಿನ ವೇಗ. ಕ್ಷಯಿಸುವಾಗ ಹೊರಬರುವ ಎಲೆಕ್ಟ್ರಾನ್‌ಗೆ ಎಂದಿನಂತೆ ಹೊರಕ್ಕೆ ಹಾರಿಹೋಗಬೇಕಾಗಿಲ್ಲ, ಒಳಗೇ ಖಾಲಿಯಾದ ಜಾಗದಲ್ಲಿ ಕೂತುಬಿಡಬಹುದು, ಅದಕ್ಕೇ ಈ ಅವಸರ. ಎಲೆಕ್ಟ್ರಾನ್ ಕಳೆದುಕೊಂಡದ್ದು ಖನಿಜವಾಗಿ ಉಳಿಯುವುದಿಲ್ಲ ಎನ್ನುವುದು ಸರಿ. ಆದರೂ ಪ್ರಕೃತಿಯ ಒಂದು ಗಡಿಯಾರ ಇಷ್ಟು ಓಡಬಲ್ಲದು ಎಂಬುದನ್ನು ಓದಿದಾಗ ನನಗೆ ರೋಮಾಂಚನವಾಗಿತ್ತು.

ನಿಮಗಿಂತ ಮುಂಚೆ ಈ ದಾರಿ ತುಳಿದವರ ಬಗ್ಗೆಯೂ ಹೇಳಬೇಕು. ಎಚ್. ಜಿ. ವೆಲ್ಸ್ 1895ರಲ್ಲಿ ‘ದಿ ಟೈಮ್ ಮಷೀನ್’ ಬರೆದಾಗ ತನ್ನ ಯಂತ್ರಕ್ಕೆ ನಿಕ್ಕಲ್, ದಂತ, ಜೊತೆಗೆ ಸ್ಫಟಿಕದ ಭಾಗಗಳನ್ನು ಕೊಟ್ಟ. ಕ್ಯೂರಿ ಸೋದರರು 1880ರಲ್ಲೇ, ಸ್ಫಟಿಕವನ್ನು ಒತ್ತಿದರೆ ವಿದ್ಯುತ್ ಹುಟ್ಟುತ್ತದೆ ಎಂದು ಕಂಡುಕೊಂಡಿದ್ದರು. ವೆಲ್ಸ್ ಬರೆದು ಮೂವತ್ತೆರಡು ವರ್ಷವಾದ ಮೇಲೆ, 1927ರಲ್ಲಿ, ಅಮೆರಿಕದ ಬೆಲ್ ಪ್ರಯೋಗಾಲಯದಲ್ಲಿ ವಾರನ್ ಮ್ಯಾರಿಸನ್ ಅದೇ ಸ್ಫಟಿಕದಿಂದ ಗಡಿಯಾರ ಓಡಿಸಿದ. ನಿಮ್ಮ ಮನೆಯ ಗೋಡೆ ಗಡಿಯಾರದ ಹಿಂಬದಿ ಬಿಚ್ಚಿದರೆ ಒಳಗೆ ಒಂದು ಸೆಂಟಿಮೀಟರಿಗಿಂತ ಚಿಕ್ಕ ಲೋಹದ ಕೊಳವೆ ಕಾಣುತ್ತದೆ. ಅದರೊಳಗೆ ಶ್ರುತಿಕವೆಯ ಆಕಾರದಲ್ಲಿ ಕತ್ತರಿಸಿದ ಸ್ಫಟಿಕ ಸೆಕೆಂಡಿಗೆ 32,768 ಸಲ ಕಂಪಿಸುತ್ತದೆ. ಆ ಸಂಖ್ಯೆಯನ್ನು ಹದಿನೈದು ಸಲ ಅರ್ಧ ಮಾಡುತ್ತ ಹೋಗಿ, ಒಂದು ಬರುತ್ತದೆ. ಆ ಒಂದೇ ಸೆಕೆಂಡಿನ ಮುಳ್ಳನ್ನು ದೂಡುವುದು. 1987ರಲ್ಲಿ ಮಾರುಕಟ್ಟೆಗೆ ಬಂದ ಟೈಟಾನ್, ಹೊಸೂರಿನ ಕಾರ್ಖಾನೆಯಿಂದ ನಮ್ಮವರ ಮಣಿಕಟ್ಟಿಗೆ ತಂದದ್ದು ಈ ಸ್ಫಟಿಕವನ್ನೇ.

ವಿಜ್ಞಾನ ಕಥೆಗಾರ ಐಸಾಕ್ ಅಸಿಮೋವ್ ಕಲ್ಪಿಸಿದ ಥಯೊಟಿಮೊಲಿನ್ ಖನಿಜವಲ್ಲ, ಒಂದು ಪೊದೆಯ ತೊಗಟೆಯಿಂದ ತೆಗೆದ ರಾಸಾಯನಿಕ. ಆದರೂ ಅದರ ಕುರಿತ ಬರಹವನ್ನು ನೀವು ಓದಲೇಬೇಕು. ಅದನ್ನು ಬರೆಯುವಾಗ ಅವನು ಕೊಲಂಬಿಯಾ ವಿಶ್ವವಿದ್ಯಾಲಯದಲ್ಲಿ ರಸಾಯನಶಾಸ್ತ್ರದ ಪಿಎಚ್‌ಡಿ ವಿದ್ಯಾರ್ಥಿ. ಕ್ಯಾಟೆಕಾಲ್ ಎಂಬ ಪುಡಿ ನೀರಿಗೆ ತಾಗಿದ ಕ್ಷಣವೇ ಕರಗುವುದನ್ನು ನೋಡಿ, ತಾಗುವ ಮುಂಚೆಯೇ ಕರಗಿದರೆ ಹೇಗೆ ಎಂದುಕೊಂಡ. ಆ ವಸ್ತು ನೀರು ಹಾಕುವುದಕ್ಕೆ 1.12 ಸೆಕೆಂಡ್ ಮೊದಲೇ ಕರಗುತ್ತದೆ ಎಂದು, ಸಂಶೋಧನಾ ಪ್ರಬಂಧದ ಶೈಲಿಯಲ್ಲೇ, ಕೋಷ್ಟಕ, ಉಲ್ಲೇಖಗಳ ಸಮೇತ ಬರೆದ. 1948ರ ಮಾರ್ಚ್‌ನಲ್ಲಿ ಅದು ಅಚ್ಚಾಯಿತು. ಬೇರೆ ಹೆಸರಿನಲ್ಲಿ ಹಾಕಿ ಎಂದು ಕೇಳಿಕೊಂಡಿದ್ದರೂ ಸ್ವಂತ ಹೆಸರಿನಲ್ಲೇ ಬಂತು. ಪರೀಕ್ಷಕರು ಓದಿದರೆ ಗತಿಯೇನು ಎಂದು ಹೆದರಿದ್ದ. ಎರಡು ತಿಂಗಳ ನಂತರ ಮೌಖಿಕ ಪರೀಕ್ಷೆಯ ಕೊನೆಯಲ್ಲಿ ಒಬ್ಬ ಪರೀಕ್ಷಕರು ಕೇಳಿದ್ದು ಥಯೊಟಿಮೊಲಿನ್ ಬಗ್ಗೆಯೇ. ಪಾಸಾದೆ ಎಂದು ಅವನಿಗೆ ಆಗಲೇ ಗೊತ್ತಾಯಿತು. ಆ ಬರಹದ ಬಲ ಇರುವುದು ಅದರ ಗುಣಕ್ಕೆ ಹಾಕಿದ ಮಿತಿಯಲ್ಲಿ. ಕಾಲವನ್ನೆಲ್ಲ ಆಳುವ ವಸ್ತುವಲ್ಲ ಅದು, ಅದಕ್ಕೆ ಸಿಕ್ಕಿರುವುದು ಬರೀ 1.12 ಸೆಕೆಂಡ್. ಅಷ್ಟರಲ್ಲೇ ಎಲ್ಲ ಪೇಚೂ ಹುಟ್ಟುತ್ತದೆ. ನಿಮ್ಮ ಕಲ್ಲಿನ ಶಕ್ತಿಯನ್ನೂ ಹೀಗೆ ಕಡಿಮೆ ಮಾಡಿ.

ಕಥೆಯನ್ನು ಎಲ್ಲಿಂದ ಶುರು ಮಾಡಬೇಕೆಂದು ನೀವು ಕೇಳಿಲ್ಲ, ಆದರೂ ಒಂದು ನಿಜ ಘಟನೆ ಹೇಳುತ್ತೇನೆ. ಇಟಲಿಯ ಎಲ್ಬಾ ದ್ವೀಪದಲ್ಲಿ ಸಿಕ್ಕ, ನೋಡಲು ಸ್ಫಟಿಕದ ಹಾಗೇ ಬಣ್ಣವಿಲ್ಲದ ಖನಿಜವೊಂದನ್ನು ಜರ್ಮನಿಯ ಕಾರ್ಲ್ ಪ್ಲಾಟ್ನರ್ 1846ರಲ್ಲಿ ವಿಶ್ಲೇಷಣೆ ಮಾಡಿದ. ಅದರಲ್ಲಿರುವ ಪದಾರ್ಥಗಳ ಶೇಕಡಾವಾರನ್ನೆಲ್ಲ ಕೂಡಿದರೆ ನೂರು ಬರಬೇಕು. ಅವನಿಗೆ ಬಂದದ್ದು ಸುಮಾರು 93. ಏಳು ಪಾಲು ಎಲ್ಲಿಗೆ ಹೋಯಿತೆಂದು ತಿಳಿಯಲಿಲ್ಲ, ಬಂದಷ್ಟನ್ನೇ ಪ್ರಕಟಿಸಿದ. 1860ರಲ್ಲಿ ಬುನ್ಸೆನ್ ಮತ್ತು ಕಿರ್ಕಾಫ್ ಡ್ಯೂರ್ಕ್‌ಹೈಮ್ ಎಂಬಲ್ಲಿನ ಖನಿಜ ನೀರಿನ ರೋಹಿತದಲ್ಲಿ ಯಾರೂ ಕಂಡಿರದ ಎರಡು ನೀಲಿ ಗೆರೆಗಳನ್ನು ನೋಡಿದರು. ಸುಮಾರು 40 ಟನ್ ನೀರನ್ನು ಇಂಗಿಸಿ ಆ ಹೊಸ ಧಾತುವಿನ ಲವಣವನ್ನು ಕೆಲವೇ ಗ್ರಾಂ ತೆಗೆದರು, ಸೀಸಿಯಂ ಎಂದು ಹೆಸರಿಟ್ಟರು. 1864ರಲ್ಲಿ ಪಿಸಾನಿ ಎಂಬಾತ ಪ್ಲಾಟ್ನರನ ಖನಿಜವನ್ನು ಮತ್ತೆ ಪರೀಕ್ಷಿಸಿದಾಗ ಕಳೆದುಹೋದ ಏಳು ಪಾಲಿನ ಗುಟ್ಟು ಒಡೆಯಿತು. ಪ್ಲಾಟ್ನರ್ ಪೊಟಾಷಿಯಂ ಎಂದುಕೊಂಡಿದ್ದು ಅದಕ್ಕಿಂತ ಮೂರು ಪಟ್ಟಿಗೂ ಹೆಚ್ಚು ಭಾರದ ಸೀಸಿಯಂ ಆಗಿತ್ತು.

ಪೊಲ್ಯುಸೈಟ್ ಎಂದು ಕರೆಯುವ ಆ ಖನಿಜವೇ ಇವತ್ತಿಗೂ ಸೀಸಿಯಂನ ಮುಖ್ಯ ಅದಿರು. ದೊಡ್ಡ ನಿಕ್ಷೇಪ ಇರುವುದು ಕೆನಡಾದ ಮ್ಯಾನಿಟೋಬಾದಲ್ಲಿ. 1967ರಿಂದ ಸೆಕೆಂಡ್ ಎಂದರೆ ಎಷ್ಟು ಎಂಬುದನ್ನು ಇಡೀ ಜಗತ್ತಿಗೆ ಹೇಳಿಕೊಡುತ್ತಿರುವುದು ಈ ಧಾತು. ಸೀಸಿಯಂ-133 ಪರಮಾಣು ಹೊಮ್ಮಿಸುವ ಒಂದು ನಿರ್ದಿಷ್ಟ ವಿಕಿರಣದ 919,26,31,770 ಕಂಪನಗಳಿಗೆ ಒಂದು ಸೆಕೆಂಡ್.

ನಿಮ್ಮ ಗಣಿಯ ಲ್ಯಾಬಿನಲ್ಲಿ ಕೂತ ರಸಾಯನತಜ್ಞರ ಮುಂದೆ ಹೊಸ ಕಲ್ಲಿನ ವರದಿ ಇರಲಿ. ಎಷ್ಟು ಸಲ ಕೂಡಿದರೂ ಮೊತ್ತ ನೂರಕ್ಕೆ ಬರದಿರಲಿ, ಮತ್ತು ಪ್ರತಿ ಸಲ ಕೂಡಿದಾಗಲೂ ಕೊರತೆ ಬೇರೆ ಬೇರೆ ಇರಲಿ. ಬರೆದು ಮುಗಿಸಿದ ಮೇಲೆ ಮೊದಲ ಪ್ರತಿಯನ್ನು ನಿಮ್ಮ ಮೇಷ್ಟ್ರಿಗೇ ಕೊಡಿ, ಲೆಕ್ಕದಲ್ಲಿ ಎಲ್ಲಾದರೂ ಎಡವಿದ್ದರೆ ಅವರು ಹಿಡಿಯುತ್ತಾರೆ.